ಬಸುರಿಗೆ ಪಾರ್ಟು ಕೊಡೋರ್ಯಾರು?

ನಾಯಕನಟ ಅಪ್ಪನಾದರೆ ಸೆಟ್ಟಿನಲ್ಲಿ ಸ್ವೀಟು ಹಂಚ್ತಾರೆ. ನಟಿ ಬಸುರಿ ಅಂತ ಗೊತ್ತಾದರೆ? ಕರೆಯೋರೇ ಇರೋಲ್ಲ! ಬ್ರಿಟನ್ನಿನ ಹಾಸ್ಯನಟಿ ಆಲಿಸ್ ಲೋ ಅವರನ್ನು ಕಾಡಿದ್ದೂ ಇದೇ ಭಯ. ಆದರೆ ಆಕೆ ಸುಮ್ಮನೆ ಕೂರಲಿಲ್ಲ. ತುಂಬು ಗರ್ಭಿಣಿಯೇ ನಾಯಕಿಯಾಗಿರುವ ಕಥೆಯನ್ನು ತಾವೇ ಬರೆದು, ತಾವೇ ನಿರ್ದೇಶಿಸಿ, ಅದೇ ಹೊಟ್ಟೆ ಹೊತ್ತು ತಾವೇ ನಟಿಸಿಬಿಟ್ಟರು. ಅದೇ ‘ಪ್ರಿವೆಂಜ್’. ಶೂಟಿಂಗ್ ಎಷ್ಟು ದಿನ ಅಂತೀರಿ? ಬರೀ 11 ದಿನ!

ಕಥೆ ಕೇಳಿ. ಬೆಟ್ಟ ಹತ್ತುವಾಗ ಆದ ಅಪಘಾತದಲ್ಲಿ ಗಂಡನನ್ನು ಕಳೆದುಕೊಂಡ ರೂತ್‌ಗೆ ಹೊಟ್ಟೆಯೊಳಗಿನ ಕೂಸು ಮಾತಾಡಿದಂತೆ ಕೇಳಿಸುತ್ತೆ. ಅಪ್ಪನ ಸಾವಿಗೆ ಕಾರಣರಾದವರನ್ನು ಮುಗಿಸು ಅನ್ನುತ್ತೆ. ಈಕೆ ಒಬ್ಬೊಬ್ಬರನ್ನಾಗಿ ಮುಗಿಸುತ್ತಾ ಹೋಗ್ತಾಳೆ. ನಡುನಡುವೆ ಆಸ್ಪತ್ರೆಯಲ್ಲಿ ಬಸುರಿ ತಪಾಸಣೆ ಬೇರೆ! ಮಗು ಹೇಳಿದಂತೆ ಕೇಳಬೇಕಮ್ಮಾ ಅನ್ನೋ ಧಾಟಿಯಲ್ಲಿ ಅಲ್ಲಿನ ನರ್ಸಮ್ಮ (ಜೋ ಹಾರ್ಟ್ಲಿ) ನಯವಾಗಿ ಬುದ್ಧಿ ಹೇಳುವಾಗ ನಗು ತಡೆಯೋಕಾಗೋಲ್ಲ... ರಕ್ತ ಕಂಡರೆ ನನಗಾಗದು. ಆದರೂ ಕೂತು ನೋಡಿದೆ. ಬಸುರಿಯನ್ನು ದೇವರಪಟದ ಹಾಗೆ ನೋಡಿಕೊಳ್ಳುವ ಯಾರೊಬ್ಬರೂ ಅವಳ ಸಿಟ್ಟು, ಅವಳ ಒಂಟಿತನ ಏನು ಅಂತ ಕೇಳೋದೇ ಇಲ್ಲ. ಕೂಸಿನ ಆ ಕೀಚಲು ದನಿ ಕೂಡ ಆಲಿಸ್ ಅವರದೇ. ಕೊನೆಗೆ ತೆರೆಯ ಮೇಲೆ ಬರೋ ಮಗು? ಅವರೇ ಹೆತ್ತ ಮಗಳು! 2016ರಲ್ಲಿ ಚಿತ್ರ ವೆನಿಸ್ ಉತ್ಸವಕ್ಕೆ ಹೋಯಿತು.

ಆಲಿಸ್ ಹುಟ್ಟಿದ್ದು 1977ರಲ್ಲಿ, ಕವೆಂಟ್ರಿಯಲ್ಲಿ. ಓದಿದ್ದು ಕೇಂಬ್ರಿಜ್‌ನಲ್ಲಿ, ಅದೂ ಗ್ರೀಕ್-ಲ್ಯಾಟಿನ್! (ಪಿಯುಸಿಗೇ ಪುಸ್ತಕ ಮುಚ್ಚಿಟ್ಟ ನನಗೆ ಹೊಟ್ಟೆಕಿಚ್ಚು. ಇರಲಿ.) ನಾಟಕಗಳಲ್ಲಿ ಪಳಗಿ, 2004ರಲ್ಲಿ ‘ಗಾರ್ತ್ ಮರೆಂಗಿಸ್ ಡಾರ್ಕ್‌ಪ್ಲೇಸ್’ ಎಂಬ ಟೀವಿ ಧಾರಾವಾಹಿಯಲ್ಲಿ ಬೇಕೂಂತಲೇ ಕೆಟ್ಟದಾಗಿ ನಟಿಸಿ ನಗಿಸಿದರು. ಕೆಟ್ಟದಾಗಿ ನಟಿಸಲಿಕ್ಕೆ ಎಷ್ಟು ಚೆನ್ನಾಗಿ ನಟನೆ ಬರಬೇಕು, ಯೋಚಿಸಿ!

ಹೆಸರು ತಂದಿದ್ದು 2012ರ ‘ಸೈಟ್‌ಸೀಯರ್ಸ್’. ಸ್ಟೀವ್ ಓರಮ್ ಜತೆ ಸೇರಿ ಬರೆದ ಕಥೆ. ಪ್ರೇಮಿಗಳಿಬ್ಬರು ಕಾರಿನ ಹಿಂದೆ ಕ್ಯಾರವಾನ್ ಕಟ್ಟಿಕೊಂಡು ಟ್ರಾಮ್ ಮ್ಯೂಸಿಯಂ, ಪೆನ್ಸಿಲ್ ಮ್ಯೂಸಿಯಂ ಅಂತ ಊರೂರು ಸುತ್ತುತ್ತಾ, ಕಿರಿಕಿರಿ ಮಾಡಿದವರನ್ನೆಲ್ಲ ಕೊಲ್ಲುತ್ತಾರೆ. ಟೀವಿಯವರು ಇದು ತೀರಾ ಕರಾಳ ಅಂತ ಬೇಡವೆಂದಿದ್ದರು. ‘ಹಾಟ್ ಫಜ್’ ನಿರ್ದೇಶಕ ಎಡ್ಗರ್ ರೈಟ್ ಬೆನ್ನಿಗೆ ನಿಂತರು, ಬೆನ್ ವ್ಹೀಟ್ಲಿ ನಿರ್ದೇಶಿಸಿದರು. ಟೀವಿಗೆ ಬೇಡವಾಗಿದ್ದು ಕಾನ್ ಉತ್ಸವಕ್ಕೆ ಹೋಯಿತು!

ಇಷ್ಟಾದ ಮೇಲೆ ನಿರ್ಮಾಪಕರು ಆಕೆಯ ಮನೆ ಮುಂದೆ ಸಾಲು ನಿಂತರು ಅಂದುಕೊಂಡಿರಾ? ಕಾಸು ಕಡಿಮೆಯಿರೋ ಚಿತ್ರದವರ ಪಾಡು ಅಲ್ಲೂ ಒಂದೇ. ಆಕೆ ಬರೆದು, ನಿರ್ದೇಶಿಸಿ, ನಟಿಸಿದ ಎರಡನೇ ಚಿತ್ರ ‘ಟೈಮ್‌ಸ್ಟಾಕರ್’ ಮೊದಲ ಪ್ರದರ್ಶನ ಕಂಡಿದ್ದು 2024ರ ಮಾರ್ಚಿನಲ್ಲಿ. ಅದರ ನಾಯಕಿ ಆಗ್ನೆಸ್ ತನಗೆ ತಕ್ಕವನಲ್ಲದ ಅದೇ ಗಂಡಸಿನ ಹಿಂದೆ ಜನ್ಮಜನ್ಮಕ್ಕೂ ಓಡಿ, ಪ್ರತಿ ಸಲವೂ ಸಾಯ್ತಾಳೆ. 11 ದಿನದಲ್ಲಿ ಒಂದು ಚಿತ್ರ ಮುಗಿಸಿದಾಕೆಗೆ ಮುಂದಿನದು ಜನರೆದುರು ಬರಲು ಏಳು ವರ್ಷ ದಾಟಿತು. ಅಷ್ಟರಲ್ಲಿ ಹೊಟ್ಟೆಯೊಳಗಿದ್ದ ನಟಿಗೂ ಸ್ಕೂಲಿಗೆ ಹೋಗುವ ವಯಸ್ಸಾಗಿತ್ತು!