ಕೆಡವುವ ಮುನ್ನ ಕೇಳಬೇಕು



ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಸರ್ಕಾರಿ ಇಂಜಿನಿಯರ್ ಆಗಿ ದುಡಿದವನು ನಾನು. ಕಟ್ಟಿಸಿದ್ದೂ ಉಂಟು, ಕೆಡವಿಸಿದ್ದೂ ಉಂಟು. ಕಟ್ಟಿಸಿದ ಎಷ್ಟೋ ಕೆಲಸಗಳು ಮರೆತುಹೋಗಿವೆ. ಕೆಡವಿಸಿದ ಒಂದು ಮನೆ ಮಾತ್ರ ಮರೆಯುತ್ತಿಲ್ಲ.

ಅದು ರಸ್ತೆ ಅಗಲ ಮಾಡುವ ಕೆಲಸ. ಒತ್ತುವರಿ ಎಂದು ಗುರುತು ಹಾಕಿದ ಮನೆಗಳಿಗೆ ಸಂಜೆ ನೋಟಿಸ್ ಅಂಟಿಸಿ, ಬೆಳಗಾಗುತ್ತಲೇ ಜೆಸಿಬಿ ತಂದೆವು. ಒಬ್ಬ ಅಜ್ಜಿ ಅರಿವೆಯಲ್ಲಿ ಸುತ್ತಿಟ್ಟ ಕಾಗದ ತಂದು, "ಸಾಹೇಬ್ರ, ಇದನ್ನ ಒಮ್ಮೆ ನೋಡ್ರಿ" ಎಂದಳು. "ಆಫೀಸಿಗೆ ಬಾರವ್ವ" ಎಂದೆ. ಆಕೆ ಆಫೀಸಿಗೆ ಬರುವಷ್ಟರಲ್ಲಿ ಮನೆ ಇರಲಿಲ್ಲ. ಮುಂದೆ ಮರು ಅಳತೆ ಮಾಡಿದಾಗ, ನಾವು ತಪ್ಪು ಗಡಿಕಲ್ಲಿನಿಂದ ಅಳೆದದ್ದು ಗೊತ್ತಾಯಿತು. ಮನೆ ಗಾವಠಾಣದಲ್ಲಿ, ಆಕೆಯ ಸ್ವಂತ ಜಾಗದಲ್ಲೇ ಇತ್ತು. ಆ ಕಾಗದ ನೋಡಲು ಹತ್ತು ನಿಮಿಷ ಸಾಕಿತ್ತು.

"ಒತ್ತುವರಿದಾರನಿಗೆ ಎಂಥ ವಿಚಾರಣೆ? ಜಾಗ ಅವನದಲ್ಲವಲ್ಲ" ಎಂದು ಅನೇಕರು ಕೇಳುತ್ತಾರೆ. ಜಾಗ ಅವನದೋ ಅಲ್ಲವೋ ಎಂಬುದೇ ತಕರಾರು. ಅದನ್ನು ತೀರ್ಮಾನಿಸುವ ಮೊದಲೇ ಮನೆ ಕೆಡವಿದರೆ, ಶಿಕ್ಷೆ ಮೊದಲು, ವಿಚಾರಣೆ ಆಮೇಲೆ ಎಂದಂತಾಯಿತು.

1985ರಲ್ಲಿ ಮುಂಬಯಿಯ ಫುಟ್‌ಪಾತ್ ನಿವಾಸಿಗಳ ಓಲ್ಗಾ ಟೆಲ್ಲಿಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಸಂವಿಧಾನದ 21ನೇ ವಿಧಿಯ ಬದುಕುವ ಹಕ್ಕಿನಲ್ಲಿ ಜೀವನೋಪಾಯವೂ ಸೇರಿದೆ ಎಂದಿತು. ಫುಟ್‌ಪಾತ್ ಮೇಲೆ ಇರುವ ಹಕ್ಕನ್ನು ಅವರಿಗೆ ಕೊಡಲಿಲ್ಲ. ಆದರೆ ಎಬ್ಬಿಸುವ ಮೊದಲು ಅವರ ಮಾತು ಕೇಳುವುದೇ ನಿಯಮ, ಕೇಳದಿರುವುದು ಅಪವಾದ ಎಂದಿತು. 2024ರ ನವೆಂಬರ್ 13ರ ತೀರ್ಪು ಇನ್ನೂ ಮುಂದೆ ಹೋಗಿದೆ. ಕಟ್ಟಡ ಕೆಡವುವ ಮುನ್ನ 15 ದಿನಗಳ ನೋಟಿಸ್, ಖುದ್ದು ಅಹವಾಲು ಹೇಳಲು ಅವಕಾಶ, ಕಾರಣ ಬರೆದ ಆದೇಶ, ಆದೇಶದ ನಂತರವೂ 15 ದಿನ ಕಾಲಾವಕಾಶ ಕೊಡಬೇಕು. ಇದನ್ನು ಮೀರಿದರೆ ಅಧಿಕಾರಿಯೇ ಸ್ವಂತ ಹಣದಿಂದ ನಷ್ಟ ತುಂಬಬೇಕಾದೀತು. ರಸ್ತೆ, ಫುಟ್‌ಪಾತ್, ನದಿ-ಕೆರೆಗಳಂಥ ಸಾರ್ವಜನಿಕ ಜಾಗದ ಅನಧಿಕೃತ ಕಟ್ಟಡಗಳಿಗೆ ಈ ಸೂಚನೆಗಳು ಅನ್ವಯಿಸವು. ಆದರೆ ರಸ್ತೆಯ ಗಡಿ ಎಲ್ಲಿದೆ ಎಂಬುದೇ ತಕರಾರಾದರೆ? ನಾನು ಎಡವಿದ್ದು ಅಲ್ಲಿಯೇ.

ಅರಣ್ಯದಂಚಿನವರಿಗೂ ರಕ್ಷಣೆ ಇದೆ. 2006ರ ಅರಣ್ಯ ಹಕ್ಕು ಕಾಯ್ದೆಯ 4(5)ನೇ ಕಲಮಿನಂತೆ, ಹಕ್ಕಿನ ಪರಿಶೀಲನೆ ಮುಗಿಯುವ ತನಕ ಬುಡಕಟ್ಟಿನವರನ್ನಾಗಲಿ, ಇತರ ಪಾರಂಪರಿಕ ಅರಣ್ಯವಾಸಿಗಳನ್ನಾಗಲಿ ಒಕ್ಕಲೆಬ್ಬಿಸುವಂತಿಲ್ಲ.

ಕೆರೆ, ರಾಜಕಾಲುವೆ ನುಂಗಿದವರ ಪರ ನಾನು ಬರೆಯುತ್ತಿಲ್ಲ. ಅವು ತೆರವಾಗಲೇಬೇಕು. ಆದರೆ ದೊಡ್ಡವರು ವಕೀಲರನ್ನಿಟ್ಟು ರಾತ್ರೋರಾತ್ರಿ ತಡೆಯಾಜ್ಞೆ ತರುತ್ತಾರೆ. ಕಾಗದ ಹಿಡಿದು ನಿಲ್ಲುವ ಬಡವರಿಗೆ ವಿಚಾರಣೆಯೊಂದೇ ಆಸರೆ. ಕಾಂಕ್ರೀಟ್ ಹಾಕುವ ಮೊದಲು ನಾವು ಲೆವೆಲ್ ಎರಡು ಸಲ ನೋಡುತ್ತೇವೆ. ಅದನ್ನು ಯಾರೂ ವಿಳಂಬ ಎನ್ನುವುದಿಲ್ಲ.

ಬಸವಾದಿ ಶರಣರ ಅನುಭವ ಮಂಟಪವನ್ನು ನಾವು ವೇದಿಕೆಯ ಮೇಲೆ ದಿನವೂ ನೆನೆಯುತ್ತೇವೆ. ಅಕ್ಕಮಹಾದೇವಿ ಕಲ್ಯಾಣಕ್ಕೆ ಬಂದಾಗ ಅಲ್ಲಮಪ್ರಭುಗಳು ಕಠಿಣ ಪ್ರಶ್ನೆಗಳನ್ನೇ ಕೇಳಿದರೆಂದು ಶೂನ್ಯ ಸಂಪಾದನೆ ಹೇಳುತ್ತದೆ. ಪ್ರಶ್ನೆ ಎಷ್ಟೇ ಕಠಿಣವಿರಲಿ, ಆಕೆಯ ಉತ್ತರವನ್ನು ಪೂರ್ತಿ ಕೇಳಿದ ಮೇಲೆಯೇ ತೀರ್ಮಾನ. ಅದು ನಮ್ಮ ಪರಂಪರೆ.

ಹಾಗಿದ್ದರೆ ನಮ್ಮ ಮನೆಯೊಳಗೂ ನೋಡಿಕೊಳ್ಳಬೇಕು. ಅನೇಕ ಮಠಗಳಿಗೆ ಹೊಲ, ಮಳಿಗೆ, ನಿವೇಶನಗಳಿವೆ. ಅಲ್ಲಿ ತಲೆಮಾರುಗಳಿಂದ ಇದ್ದವರೊಡನೆ ತಕರಾರು ಬಂದಾಗ, ಭಕ್ತರ ಬಲದಿಂದ ಬೀಗ ಜಡಿಯುವುದು ಶರಣ ಧರ್ಮವಲ್ಲ; ಕಾನೂನೂ ಒಪ್ಪದು. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ, ಕಾನೂನು ಮೀರಿ ಹೊರಹಾಕಿಸಿಕೊಂಡವರು ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ಮರಳಿ ಪಡೆಯಬಹುದು; ಮಾಲೀಕತ್ವದ ಪ್ರಶ್ನೆ ಅಲ್ಲಿ ಅಡ್ಡ ಬಾರದು. ಆದರೆ ಸರ್ಕಾರದ ವಿರುದ್ಧ ಆ ಕಲಮಿನಡಿ ದಾವೆ ಇಲ್ಲ. ಸರ್ಕಾರ ಮೊದಲೇ ಕೇಳಬೇಕೆಂದು ನಾನು ಒತ್ತಿ ಹೇಳುವುದು ಅದಕ್ಕೇ.

ಪೂಜ್ಯರಲ್ಲಿ ಒಂದು ವಿನಂತಿ. ನೋಟಿಸ್ ಬಂದ ಬಡವರು ಓದಿಸಿಕೊಳ್ಳಲು ಮೊದಲು ಬರುವುದು ಮಠಕ್ಕೇ. ತಿಂಗಳಿಗೊಂದು ದಿನ ಒಬ್ಬ ವಕೀಲರನ್ನೂ, ಅಳತೆ ಬಲ್ಲ ಒಬ್ಬ ನಿವೃತ್ತರನ್ನೂ ಅಲ್ಲಿ ಕೂರಿಸಿ. ಉತ್ತರ ಬರೆದುಕೊಟ್ಟು, ಸ್ವೀಕೃತಿ ಪಡೆಯಲು ನೆರವಾಗಲಿ. ನಾನಂತೂ ಬರಲು ಸಿದ್ಧ. ಅಂದು ನೋಡದ ಕಾಗದವನ್ನು ಈಗ ನೋಡಲಾರೆ, ಇನ್ನೊಬ್ಬರದನ್ನಾದರೂ ನೋಡಿಯೇನು.