ಬರಬೇಕಾದ ದುಡ್ಡಿಗೆ ಮೂರೇ ವರ್ಷ ಆಯುಸ್ಸು



ಬಿತ್ತನೆ ಬೀಜಕ್ಕೆ ಅವಧಿ ಇದೆ, ಔಷಧಿ ಡಬ್ಬಿಗೆ ಅವಧಿ ಇದೆ ಅಂತ ನಿಮಗೆ ಗೊತ್ತು. ನೀವು ಮಾರಿದ ಮಾಲಿನ ಬಾಕಿಗೂ ಅವಧಿ ಇದೆ ಅನ್ನೋದು ಎಷ್ಟು ಜನಕ್ಕೆ ಗೊತ್ತು? 1964ರ ಜನವರಿ 1ರಿಂದ ಜಾರಿಯಲ್ಲಿರುವ 1963ರ ಕಾಲಮಿತಿ ಕಾಯ್ದೆ ಆ ಅವಧಿಯನ್ನು ಮೂರು ವರ್ಷ ಎಂದು ನಿಗದಿ ಮಾಡಿದೆ. ಅದು ದಾಟಿದ ಮೇಲೆ ನೀವು ದಾವೆ ಹಾಕಿದರೆ, ಎದುರಿನವನು ಬಾಯಿ ಬಿಡದಿದ್ದರೂ ನ್ಯಾಯಾಲಯ ತಾನಾಗಿಯೇ ಅದನ್ನು ವಜಾ ಮಾಡಬೇಕು. ಬಾಕಿ ನಿಜವೋ ಸುಳ್ಳೋ ಎಂಬ ವಿಚಾರಣೆಯವರೆಗೂ ಹೋಗಬೇಕಾಗಿಲ್ಲ.

ಲೆಕ್ಕ ಹೀಗೆ. 2025ರ ಜನವರಿ 10ರಂದು ವ್ಯಾಪಾರಿಗೆ ಮೆಕ್ಕೆಜೋಳ ತೂಗಿಕೊಟ್ಟಿರಿ. ದುಡ್ಡು ಯಾವಾಗ ಅಂತ ಮಾತಾಗಲಿಲ್ಲ. ಮಾಲು ಕೊಟ್ಟ ದಿನದಿಂದಲೇ ಕಾಲ ಓಡುತ್ತದೆ. 2028ರ ಜನವರಿ 10 ಕಡೇ ದಿನ. ಎರಡು ತಿಂಗಳ ಉದ್ರಿ ಅಂತ ಒಪ್ಪಿದ್ದರೆ ಆ ಎರಡು ತಿಂಗಳು ಮುಗಿದ ಮೇಲೆ ಎಣಿಕೆ ಶುರು. ಕಡೇ ದಿನ ಕೋರ್ಟಿಗೆ ರಜೆ ಇದ್ದರೆ ತೆರೆದ ದಿನ ಹಾಕಬಹುದು. ಆದರೆ ಮಳೆ ಬರಲಿಲ್ಲ, ಮಗಳ ಮದುವೆ ಇತ್ತು, ತಡವಾಯಿತು ಮನ್ನಿಸಿ ಅಂದರೆ ನಡೆಯೋದಿಲ್ಲ. ಆ ಮನ್ನಣೆ ಮೇಲ್ಮನವಿಗೆ ಉಂಟು, ದಾವೆಗೆ ಇಲ್ಲ.

ಈ ಮೂರು ವರ್ಷದಲ್ಲಿ ನಾವು ಮಾಡೋದೇನು? ಮಂಡಿಗೆ ಹೋಗ್ತೀವಿ. "ಬರೋ ವಾರ ಬನ್ನಿ ಗೌಡ್ರೇ" ಅಂತಾನೆ, ಕಾಫಿ ತರಿಸ್ತಾನೆ. ದೀಪಾವಳಿ ಆಯಿತು, ಯುಗಾದಿ ಆಯಿತು. ಬಾಯಿಮಾತಿನ ಭರವಸೆ ನೂರು ಸಲ ಸಿಕ್ಕರೂ ಅವಧಿ ಒಂದು ದಿನ ಬೆಳೆಯೋದಿಲ್ಲ. ವಕೀಲರಿಂದ ನೋಟೀಸು ಕೊಡಿಸಿದರೂ ಅಷ್ಟೇ. ಅವಧಿ ಮುಗಿಯುವ ಮುಂಚೆ ಅವನು "ಇಷ್ಟು ಬಾಕಿ ಇದೆ" ಎಂದು ಬರೆದು ಸಹಿ ಹಾಕಬೇಕು. ಆಗ ಸಹಿಯ ದಿನದಿಂದ ಹೊಸ ಮೂರು ವರ್ಷ. ಇಲ್ಲವೇ ಒಂದಿಷ್ಟು ದುಡ್ಡು ಕೊಟ್ಟು, ಕೊಟ್ಟಿದ್ದೇನೆಂದು ತನ್ನ ಕೈಯಲ್ಲಿ ಬರೆಯಬೇಕು ಅಥವಾ ಬರಹಕ್ಕೆ ಸಹಿ ಹಾಕಬೇಕು. ಬರಹವಿಲ್ಲದೆ ಐದು ಸಾವಿರ ಕೈಗಿಟ್ಟರೆ ಅದರಿಂದ ಅವಧಿ ಬೆಳೆಯೋದಿಲ್ಲ.

ಈ ವಿದ್ಯೆ ಸಾಲ ಕೊಡುವ ಸಾಹುಕಾರನಿಗೆ ಚೆನ್ನಾಗಿ ಗೊತ್ತು. ಕೇಳಿದಾಗ ಕೊಡುವ ಪ್ರೋನೋಟಿಗೆ ಬರೆದ ದಿನದಿಂದಲೇ ಮೂರು ವರ್ಷ. ಅದಕ್ಕೇ ಎರಡು ವರ್ಷ ಹನ್ನೊಂದು ತಿಂಗಳಿಗೆ ಅವನು ನಿಮ್ಮ ಜಗಲಿ ಮೇಲೆ ಹಾಜರು. "ಹಿಂದೆ ಒಂದು ಷರಾ ಬರೆದು ಸೈನ್ ಹಾಕಿ, ಬರೀ ನೆಪಕ್ಕೆ" ಅಂತಾನೆ. ಇಲ್ಲವೇ ಬಡ್ಡಿಯನ್ನೂ ಅಸಲಿಗೆ ಸೇರಿಸಿ ಹೊಸ ನೋಟು ಬರೆಸ್ತಾನೆ. ಅವಧಿ ಮೀರಿದ ಹಳೇ ಸಾಲವನ್ನು ತೀರಿಸುತ್ತೇನೆಂದು ಬರೆದು ಸಹಿ ಹಾಕಿದರೆ, 1872ರ ಕರಾರು ಕಾಯ್ದೆ ಪ್ರಕಾರ ಅದೂ ಹೊಸ ಕರಾರೇ. ಸಹಿಗೆ ಮುಂಚೆ ತಾರೀಖು ನೋಡಿ, ಮೊತ್ತ ನೋಡಿ. ಪಡೆದ ಸಾಲ ಕೊಡಬೇಡಿ ಅಂತ ನಾವು ಹೇಳ್ತಿಲ್ಲ. ಜಮೀನು ಅಡವಿಟ್ಟಿದ್ದರೆ ಅಡಮಾನದ ದಾವೆಗೆ ಹನ್ನೆರಡು ವರ್ಷ ಇದೆ ಅನ್ನೋದನ್ನೂ ಮರೀಬೇಡಿ.

ಈ ಕಾಯ್ದೆಯೇ ಬೇಡ ಅನ್ನೋಣವೇ? ಹಾಗಂದರೆ ತಾತನ ಕಾಲದ ನೋಟು ಹಿಡಿದು ಮೊಮ್ಮಗನ ಎತ್ತಿಗೆ ಕೈಹಾಕುವವರು ಬರ್ತಾರೆ. ಸಾಕ್ಷಿಗಳು ಸತ್ತ ಮೇಲೆ ಬಡವನನ್ನು ಕಾಪಾಡುವುದೇ ಈ ಅವಧಿ. ನಮ್ಮ ತಕರಾರು ಇರುವುದು ಅದರ ತಕ್ಕಡಿಯ ಬಗ್ಗೆ. ಇದೇ ಕಾಯ್ದೆಯಲ್ಲಿ ಸರ್ಕಾರ ದಾವೆ ಹೂಡಲು ಮೂವತ್ತು ವರ್ಷ ಇಟ್ಟುಕೊಂಡಿದೆ. ಕಚೇರಿ, ಗುಮಾಸ್ತರು, ಸರ್ಕಾರಿ ವಕೀಲರು ಎಲ್ಲಾ ಇರುವವರಿಗೆ ಮೂವತ್ತು. ಹೊಲ ಬಿಟ್ಟು ಬರಲಾಗದ ರೈತನಿಗೆ ಮೂರು!

1966ರ ಕಬ್ಬು ನಿಯಂತ್ರಣ ಆದೇಶದಲ್ಲಿ, ಬೇರೆ ಲಿಖಿತ ಒಪ್ಪಂದ ಇಲ್ಲದಿದ್ದರೆ ಕಾರ್ಖಾನೆ 14 ದಿನದಲ್ಲಿ ಹಣ ಕೊಡಬೇಕು, ತಡವಾದರೆ ಶೇಕಡಾ 15 ಬಡ್ಡಿ ಎಂದು ಬರೆದರು. ಬೆಲೆ ಬಾಕಿ ಉಳಿಸಿಕೊಳ್ಳುವುದು ತಪ್ಪು ಅಂತ ಸರ್ಕಾರವೇ ಒಪ್ಪಿದಂತಾಯಿತು. ಹಾಗಾದರೆ ರಾಗಿ, ಜೋಳ, ಈರುಳ್ಳಿ ಬೆಳೆದವನು ಮಾಡಿದ ಪಾಪವೇನು? ಮಾಲು ಕೊಂಡವನು ಲೆಕ್ಕ ಬರೆದು ಸಹಿ ಮಾಡಿಕೊಡುವ ತನಕ ರೈತನ ಬಾಕಿಗೆ ಕಾಲ ಓಡಬಾರದು. ಬರೆದುಕೊಡದವನಿಗೆ ಅವಧಿಯ ಆಸರೆ ಸಿಗಬಾರದು. ಬೆಲೆಗಾಗಿ ಹೋರಾಡುವ ನಾವು ಇದನ್ನೂ ಕೇಳಬೇಕು, ಏಕೆಂದರೆ ಕೈಗೆ ಬಾರದ ಬೆಲೆ ಬೆಲೆಯೇ ಅಲ್ಲ.

ಕಾಯ್ದೆ ಬದಲಾಗುವ ತನಕ ಸುಮ್ಮನೆ ಕೂರಬೇಡಿ. ಪೆಟ್ಟಿಗೆಯಲ್ಲಿರುವ ತೂಕದ ಚೀಟಿ, ಬಿಲ್ಲು ಎಲ್ಲಾ ಹೊರಗೆ ತೆಗೆಯಿರಿ. ಪ್ರತಿಯೊಂದರ ಮೇಲೂ ಮೂರು ವರ್ಷದ ಕಡೇ ತಾರೀಖು ಬರೆಯಿರಿ. ಎರಡು ವರ್ಷ ದಾಟಿದ್ದನ್ನು ಬೇರೆ ಕಟ್ಟಿ, ನಾಲ್ಕು ಜನ ಒಟ್ಟಾಗಿ ಹೋಗಿ ಬರಹದಲ್ಲಿ ಬಾಕಿ ಒಪ್ಪಿಸಿಕೊಳ್ಳಿ. ಒಪ್ಪದಿದ್ದರೆ ವಕೀಲರ ಹತ್ತಿರ ಹೋಗಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಸಮಿತಿಯಲ್ಲಿ ಉಚಿತ ವಕೀಲರು ಸಿಗುತ್ತಾರೆ. ಹೋಗುವುದಾದರೆ ಅವಧಿಯೊಳಗೆ ಹೋಗಿ.