ಅಂಗಡಿ ಖಾಲಿ ಮಾಡ್ಲಿಕ್ಕೆ ಹದಿನೈದೇ ದಿನ ಏನ್ರಿ?

ಆಳಂದ, ಅಫಜಲಪುರ, ಜೇವರ್ಗಿ ಕಡೆಯಿಂದ ಬಂದ ನಮ್ಮಲ್ಲಿ ಎಷ್ಟೋ ಜನರ ಕಾಲೇಜು ಫೀಸು ಬರೋದು ಒಂದು ಬಾಡಿಗೆ ಅಂಗಡಿಯ ಗಲ್ಲಾದಿಂದ. ಕಿರಾಣಿ, ಟೇಲರಿಂಗ್, ಮೊಬೈಲ್ ರಿಪೇರಿ, ಬೀಜ-ಗೊಬ್ಬರ. ಮಾಲೀಕರು ಬಿಡಿಸಿದರೆ ಏನು ಗತಿ ಅಂತ ಮನೆಯಲ್ಲಿ ಕೇಳಿ ನೋಡಿ. "ಇಪ್ಪತ್ತು ವರ್ಷ ಆಯ್ತು, ನಮಗ ಯಾರು ಬಿಡಸ್ತಾರ? ಬಾಡಿಗಿ ಕಾಯ್ದೆ ಅದ ಅಲಾ?" ಅಂತಾರೆ. ಕಾಯ್ದೆ ಅದ, ಖರೆ. ಅದರೊಳಗೆ ನಮ್ಮ ಅಂಗಡಿ ಅದ ಏನು?

ಕರ್ನಾಟಕ ಬಾಡಿಗೆ ಕಾಯ್ದೆ 1999, ಜಾರಿಗೆ ಬಂದದ್ದು 2001ರ ಡಿಸೆಂಬರ್ 31ರಂದು. ಅದರ 27ನೇ ಕಲಮಿನ ಪ್ರಕಾರ ಮಾಲೀಕರು ಸುಮ್ಮನೆ ಬಿಡಿಸುವಂತಿಲ್ಲ. ಬಾಡಿಗೆ ಬಾಕಿ, ಒಪ್ಪಿಗೆಯಿಲ್ಲದೆ ಒಳಬಾಡಿಗೆ, ಸ್ವಂತಕ್ಕೆ ಬೇಕು ಎಂಬಂಥ ಕಾರಣವನ್ನು ಕೋರ್ಟಿನಲ್ಲಿ ತೋರಿಸಬೇಕು. ಆದರೆ 2ನೇ ಕಲಮು ಬಾಗಿಲಲ್ಲೇ ಬಹಳ ಜನರನ್ನು ತಡೆಯುತ್ತದೆ. ವಾಣಿಜ್ಯ ಮಳಿಗೆಯ ಪ್ಲಿಂತ್ ಏರಿಯಾ 14 ಚದರ ಮೀಟರ್ ದಾಟಿದರೆ ಈ ಕಾಯ್ದೆ ಅನ್ವಯಿಸುವುದಿಲ್ಲ. ಬಾಡಿಗೆಗೂ ಮಿತಿ ಇದೆ: ಅನುಸೂಚಿಯ 'ಎ' ಭಾಗದ ಊರುಗಳಲ್ಲಿ ತಿಂಗಳಿಗೆ 3,500 ರೂಪಾಯಿ, ಉಳಿದ ಕಡೆ 2,000.

ಸಿವಿಲ್ ಬ್ರಾಂಚಿನ ಗೆಳೆಯರಿಗೆ ಇದು ಎರಡು ನಿಮಿಷದ ಲೆಕ್ಕ. ಒಳಗೆ 10 ಅಡಿ × 12 ಅಡಿಯ ಒಂಟಿ ಅಂಗಡಿ ಅಂತಿಟ್ಟುಕೊಳ್ಳಿ. ಕಾರ್ಪೆಟ್ ಏರಿಯಾ ಸುಮಾರು 11.15 ಚದರ ಮೀಟರ್. ಸುತ್ತ ಒಂಬತ್ತು ಇಂಚಿನ ಗೋಡೆ ಸೇರಿಸಿ: 11.5 × 13.5 ಅಡಿ, ಅಂದರೆ ಸುಮಾರು 14.42 ಚದರ ಮೀಟರ್. ನಾವು ಕ್ಲಾಸಿನಲ್ಲಿ ಕಲಿತ ಅರ್ಥದಲ್ಲಿ ಪ್ಲಿಂತ್ ಏರಿಯಾ ಅಂದರೆ ಇದೇ. ಬರೀ ಗೋಡೆಯ ದಪ್ಪಕ್ಕೆ ಒಬ್ಬ ಟೇಲರ್ ಕಾಯ್ದೆಯಿಂದ ಹೊರಗೆ ಬಿದ್ದ!

ಹೊರಗೆ ಬಿದ್ದವರಿಗೆ ಉಳಿಯೋದು 1882ರ ಸ್ವತ್ತು ವರ್ಗಾವಣೆ ಕಾಯ್ದೆ. ಬೇರೆ ಕರಾರು ಇಲ್ಲದಿದ್ದರೆ, 106ನೇ ಕಲಮಿನ ಪ್ರಕಾರ ತಿಂಗಳ ಬಾಡಿಗೆಯ ಅಂಗಡಿಗೆ 15 ದಿನದ ನೋಟಿಸ್ ಸಾಕು. ಕಾರಣ ಹೇಳಬೇಕಿಲ್ಲ. ಅದೇ ಕಲಮು ಕೃಷಿ ಅಥವಾ ತಯಾರಿಕೆಗೆ ಕೊಟ್ಟ ಗುತ್ತಿಗೆಗೆ ಆರು ತಿಂಗಳ ನೋಟಿಸ್ ಹೇಳುತ್ತದೆ. ಮಷೀನು ಕೀಳಲು ಟೈಮ್ ಬೇಕು, ಒಪ್ಪಿದೆವು. ಆದರೆ ಗಿರಾಕಿಗಳನ್ನು ಹೊಸ ಓಣಿಗೆ ಕರ್ಕೊಂಡು ಹೋಗ್ಲಿಕ್ಕೆ ಟೈಮ್ ಬೇಡವೇ? ತೊಗರಿ ರಾಶಿ ಆದ ಮೇಲೆ ದುಡ್ಡು ಕೊಡ್ತೀನಿ ಅಂದ ರೈತರ ಉದ್ರಿ ಖಾತೆಯನ್ನು 15 ದಿನದಲ್ಲಿ ವಸೂಲಿ ಮಾಡೋದು ಹೇಗೆ?

ಮಾಲೀಕರ ಮಾತೂ ಕೇಳಬೇಕು. 1961ರ ಹಳೇ ಕಾಯ್ದೆಯ ಕಾಲದಲ್ಲಿ ಬಿಡಿಗಾಸಿನ ಬಾಡಿಗೆಗೆ ದಶಕಗಟ್ಟಲೆ ಕೂತವರಿದ್ದರು. ಒಂದೇ ಮಳಿಗೆಯ ಬಾಡಿಗೆಯಲ್ಲಿ ಬದುಕುವ ಅಜ್ಜಿಯರೂ ಇದ್ದಾರೆ. ಆ ಕಾಲ ಮರಳಿ ಬರಲಿ ಅಂತ ನಾವು ಕೇಳ್ತಿಲ್ಲ. ಮಾರ್ಕೆಟ್ ರೇಟಿನ ಬಾಡಿಗೆ ತಗೊಳ್ಳಲಿ, ಬೇಕಾದಾಗ ತಮ್ಮ ಮಳಿಗೆ ಬಿಡಿಸಿಕೊಳ್ಳಲಿ. ಆದರೆ ಸಣ್ಣ ಅಂಗಡಿಗೂ ಆರು ತಿಂಗಳ ನೋಟಿಸ್ ಸಿಗಲಿ. ಇದು ನಮ್ಮ ಬೇಡಿಕೆ. ಇದರಿಂದ ಮಾಲೀಕರು ಕಳಕೊಳ್ಳೋದು ಏನೂ ಇಲ್ಲ; ಆ ಆರು ತಿಂಗಳೂ ಬಾಡಿಗೆ ಬರುತ್ತಲೇ ಇರುತ್ತದೆ.

ಕಾನೂನು ಬದಲಾಗೋವರೆಗೆ ನಮ್ಮ ಕೈಲಿ ಇರೋದು ಕಾಗದ. ಒಂದು ವರ್ಷ ಮೀರಿದ ಗುತ್ತಿಗೆಗೆ ನೋಂದಣಿ ಕಡ್ಡಾಯ. ಅದನ್ನು ತಪ್ಪಿಸಲೆಂದೇ ಎಲ್ಲ ಕಡೆ 11 ತಿಂಗಳ ಕರಾರು. ಖರ್ಚಾದರೂ ಮೂರೋ ಐದೋ ವರ್ಷದ ಕರಾರು ನೋಂದಣಿ ಮಾಡಿಸೋದು ಲೇಸು, ನೋಟಿಸಿನ ಅವಧಿಯನ್ನೂ ಅದರಲ್ಲೇ ಬರೆಸಬಹುದು. ಬಾಡಿಗೆಯನ್ನು ಬ್ಯಾಂಕ್ ಅಥವಾ ಯುಪಿಐ ಮೂಲಕ ಕೊಡಿ, ನಗದು ಕೊಟ್ಟರೆ ರಸೀದಿ ಕೇಳಿ. ನೋಟಿಸ್ ಬಂದ ಮಾತ್ರಕ್ಕೆ ಮಾಲೀಕರು ಶಟರಿಗೆ ಬೀಗ ಜಡಿಯುವಂತಿಲ್ಲ. ಬಿಡದಿದ್ದರೆ ಅವರು ಕೋರ್ಟಿಗೇ ಹೋಗಬೇಕು. ಬಲವಂತವಾಗಿ ಹೊರಹಾಕಿದರೆ, 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹಾಕಿ ಅಂಗಡಿಯ ಸ್ವಾಧೀನ ವಾಪಸ್ ಕೇಳಬಹುದು.

ಈ ಸಲ ಹಬ್ಬಕ್ಕೆ ಊರಿಗೆ ಹೋದಾಗ ಒಂದು ಅಳತೆ ಟೇಪು ಒಯ್ಯೋಣ. ಗೋಡೆ ಸೇರಿಸಿ ಅಳೆಯೋಣ, ಕರಾರು ಪತ್ರ ಹೊರಗೆ ತೆಗೆಸಿ ಓದೋಣ. ಸೈಟ್ ಸರ್ವೆ ಅಂತ ಹೊಲ-ಗದ್ದೆ ಎಲ್ಲ ಅಳೆದು ಬಂದಿದ್ದೇವೆ, ನಮ್ಮ ಅನ್ನದ ಜಾಗ ಅಳೆಯೋದಕ್ಕೆ ಏನು ಅಡ್ಡಿ?